ಪಂಚಮಿಗೇ ಸವೆಯುವ ಬ್ರೇಕು

ನಮ್ಮ ಮನೆಗೆ ಮೋಟಾರು ಬಂದ ವರ್ಷ ನನ್ನ ರೈಲು ಹೋಯಿತು.

ಅದಕ್ಕೂ ಮುಂಚೆ, ಮದುವೆಯಾಗಿ ಬಾಗಲಕೋಟೆಗೆ ಬಂದಾಗಿನಿಂದ, ನಾಗರ ಪಂಚಮಿಗೆ ತವರಿಗೆ ಹೋಗುವುದನ್ನು ನಾನು ತಪ್ಪಿಸಿದವಳಲ್ಲ. ಹುಬ್ಬಳ್ಳಿ ಗಾಡಿ ಹತ್ತಿ ಕೂತರೆ, ಉಂಡಿಯ ಡಬ್ಬಿಯನ್ನು ಎಲ್ಲಿಡಬೇಕೆಂದು ಯೋಚಿಸಿ ಮುಗಿಸುವಷ್ಟರಲ್ಲಿ ಬಾದಾಮಿ. ಸ್ಟೇಶನ್ನಿನಲ್ಲಿ ಅಣ್ಣ ಚನಮಲ್ಲಪ್ಪ ಟಾಂಗಾ ಹಿಡಿದು ನಿಂತಿರುತ್ತಿದ್ದ. ಆಮೇಲೆ ಎಂಟು ದಿನ ಬೇವಿನ ಗಿಡಕ್ಕೆ ಕಟ್ಟಿದ ಜೋಕಾಲಿ, ಅವ್ವನ ಕೈಯ ಊಟ. ಜೋಕಾಲಿ ದೊಡ್ಡ ಮಾತಲ್ಲ. ಆ ಎಂಟು ದಿನ "ನೀಲಾ, ಎಲ್ಲೆ ಅದೀ?" ಎಂದು ಯಾರೂ ಕೂಗುತ್ತಿರಲಿಲ್ಲ, ಅದು ದೊಡ್ಡ ಮಾತು.

ಆ ರಜೆಗೆ ನಾನು ಮೊದಲೇ ದುಡಿದು ತೀರಿಸಿ ಹೋಗುತ್ತಿದ್ದೆ. ಹೋಗುವ ಮುಂಚೆ ಜೋಳದ ಕಡಕ್ ರೊಟ್ಟಿ, ಎಳ್ಳು ಹಚ್ಚಿದ ಸಜ್ಜೆ ರೊಟ್ಟಿ ಬಡಿದು ಬುಟ್ಟಿಗಟ್ಟಲೆ ಪೇರಿಸಿಡಬೇಕು. ಅದೇ ಹಬ್ಬಕ್ಕೆ ನನ್ನ ನಾದಿನಿ ಹುನಗುಂದದಿಂದ ತವರಿಗೆ ಬರುತ್ತಿದ್ದಳು. ಅವಳ ತವರೆಂದರೆ ನನ್ನ ಒಲೆ. ನಾನಿಲ್ಲದೆಯೂ ಆ ತವರು ನಡೆಯುವಷ್ಟು ರೊಟ್ಟಿ ಇಟ್ಟು ನಾನು ನನ್ನ ತವರಿಗೆ ಹೋಗುತ್ತಿದ್ದೆ.

ಐವತ್ತೈದನೇ ಇಸವಿಯಲ್ಲಿ ನಮ್ಮವರು ಕಲಾದಗಿಯ ಗುತ್ತೇದಾರರೊಬ್ಬರಿಂದ ಹಳೆಯ ಕರಿ ಮೋಟಾರೊಂದನ್ನು ಕೊಂಡರು. ನಮ್ಮವರ ಹೆಸರು ನಾನು ಹೇಳುವಂತಿಲ್ಲ. ಅತ್ತೆ ಗುರುಲಿಂಗವ್ವ ಅವರನ್ನು "ಶಂಕ್ರಾ" ಎನ್ನುತ್ತಾರೆ, ಉಳಿದದ್ದನ್ನು ನೀವೇ ಕೂಡಿಸಿಕೊಳ್ಳಿ. ಪೇಟೆಯಲ್ಲಿ ಅವರದು ಕಿರಾಣಿ ಅಂಗಡಿ. ನಮ್ಮ ಓಣಿಗೆ ಅದೇ ಮೊದಲನೇ ಮೋಟಾರು. ನಾನು ಅದಕ್ಕೆ ಆರತಿ ಮಾಡಿದೆ. ಆರತಿಯ ತಟ್ಟೆ ಕೆಳಗಿಡುವ ಮುಂಚೆಯೇ ಓಣಿಯ ಹೆಂಗಸರೆದುರು ಹೇಳಿಬಿಟ್ಟೆ.

"ಇನ್ನ ನಾ ಆ ರೈಲಿನ್ಯಾಗ ಹೊಗಿ ಕುಡಕೋತ ಹೋಗೂದಿಲ್ಲವ್ವಾ. ಮನಿಯಾಗ ಮೋಟಾರ ಐತಿ."

ಯಾರೂ ನನ್ನನ್ನು ಕೇಳಿರಲಿಲ್ಲ. ರೈಲು ನನಗೇನೂ ಮಾಡಿರಲಿಲ್ಲ. ಸಾಲದ್ದಕ್ಕೆ ಟಾಂಗಾ ತರಬೇಡವೆಂದು ಅಣ್ಣನಿಗೆ ಕಾರ್ಡು ಬೇರೆ ಬರೆದೆ.

ಪಂಚಮಿ ಹತ್ತಿರ ಬಂದಾಗ ನಮ್ಮವರು, "ಬ್ರೇಕ ನೋಡಬೇಕು," ಎಂದರು. ನೋಡಿದರು. ಸವೆದಿದೆ ಎಂದರು. ಹೊಸ ಪಟ್ಟಿ ಹುಬ್ಬಳ್ಳಿಯಿಂದ ಬರಬೇಕು, ಬರುವುದರೊಳಗೆ ಹಬ್ಬ ಮುಗಿಯುತ್ತದೆ ಎಂದರು.

"ಹಂಗಾದ್ರ ರೈಲಿಗೆ ಹೋಗ್ಲೇನ್ರಿ?"

"ಮೋಟಾರ ಇಟಗೊಂಡು ರೈಲಿಗೆ? ಓಣಿಗೆಲ್ಲಾ ಡಂಗುರಾ ಹೊಡದಾಕಿ ನೀನ ಅಲ್ಲೇನು?"

ಹೌದು, ನಾನೇ. ಮನೆಯಲ್ಲೇ ಉಳಿದು, ಬಡಿದಿಟ್ಟ ರೊಟ್ಟಿಯನ್ನು ನಾದಿನಿಗೆ ಬಡಿಸಿ, ಉಳಿದದ್ದನ್ನು ನಾನು ತಿಂದೆ. ಎರಡನೇ ವರ್ಷವೂ ಬ್ರೇಕು ಸರಿಯಾಗಿ ಪಂಚಮಿಗೇ ಸವೆಯಿತು. ಹಬ್ಬ ಮುಗಿದ ವಾರದಲ್ಲಿ ಅದೇ ಮೋಟಾರು ಶೇಂಗಾ ತರಲು ಶಿರೂರಿಗೆ ಓಡಿತು. ಹುಬ್ಬಳ್ಳಿಯಿಂದ ಪಟ್ಟಿ ಬಂದ ಸುದ್ದಿಯೇ ಇರಲಿಲ್ಲ. ಇಷ್ಟನ್ನು ಕಣ್ಣಾರೆ ಕಂಡೂ ನನಗೆ ಏನೂ ಹೊಳೆಯಲಿಲ್ಲ. ಹಾಲಿನವಳು ಒಂದು ಹನಿ ನೀರು ಹಾಕಿದರೂ ಕಂಡುಹಿಡಿಯುತ್ತೇನೆಂದು ಓಣಿಯಲ್ಲಿ ಹೆಸರಾದವಳು ನಾನು.

ಮೂರನೇ ವರ್ಷ ಅವ್ವ ಯಾರ ಕೈಯಿಂದಲೋ ಕಾರ್ಡು ಬರೆಸಿದಳು. ಕಣ್ಣಿಗೆ ಪೊರೆ ಬಂದಿದೆ, ನಿನ್ನ ಮುಖ ಕಾಣುವಾಗಲೇ ಒಮ್ಮೆ ಬಂದು ಹೋಗು, ಎಂದು. ಅದನ್ನು ನಮ್ಮವರಿಗೆ ಓದಿ ಹೇಳಿದೆ. ಹಬ್ಬಕ್ಕೆ ಮೂರು ದಿನ ಇರುವಾಗ ಮುಂಜಾನೆ ಎದ್ದು, "ಬ್ರೇಕ ನೋಡಬೇಕು," ಎಂದರು.

ನಮ್ಮ ಮನೆಯಲ್ಲಿ ಬ್ರೇಕು ನೋಡುವ ರೀತಿ ಹೀಗೆ. ನಮ್ಮವರು ಧೋತರ ಮೇಲೆ ಕಟ್ಟಿ ಅಂಗಳಕ್ಕೆ ಇಳಿಯುತ್ತಾರೆ. ನಾನು ಗೋಣಿಚೀಲ ಹಾಸುತ್ತೇನೆ, ಉಳಿದ ಗಾಲಿಗಳು ಉರುಳದಂತೆ ಕಲ್ಲು ಕೊಡುತ್ತೇನೆ. ಅವರು ನಟ್ಟು ಸಡಿಲಿಸಿ ಜಾಕು ಹಚ್ಚುತ್ತಾರೆ. ಜಾಕು ತಿರುಗಿಸುವುದು ನಾನು, ಅವರಿಗೆ ಸೊಂಟನೋವು. ಗಾಲಿ ಕಳಚುವುದು ಅವರು, ಉರುಳಿಸಿಕೊಂಡು ಹೋಗಿ ಗೋಡೆಗೆ ಆನಿಸುವುದು ನಾನು. ಗಾಲಿಯ ಹಿಂದೆ ಕಬ್ಬಿಣದ ಬೋಗುಣಿಯಂಥ ಡ್ರಮ್ಮು ಇರುತ್ತದೆ. ಅದು ಸಲೀಸಾಗಿ ಬರುವುದಿಲ್ಲ, ಸುತ್ತಲೂ ಬಡಿದು ಎಬ್ಬಿಸಬೇಕು. ಅದಕ್ಕೆ ನಾನು ಬಟ್ಟೆ ಬಡಿಯುವ ಕೊಡತಿಯೇ ಆಗಬೇಕು. ಆಮೇಲೆ ಆ ಕೊಡತಿಯ ಮಸಿ ನಮ್ಮವರ ಬಿಳಿ ಅಂಗಿಗೆ ಹತ್ತಿದರೆ ಬೈಸಿಕೊಳ್ಳಲಿಕ್ಕೂ ನಾನೇ ಆಗಬೇಕು.

ಡ್ರಮ್ಮು ತೆಗೆದರೆ ಒಳಗೆ ಎದುರುಬದುರು ಎರಡು ಕಬ್ಬಿಣದ ಅರ್ಧಚಂದ್ರ. ಅವುಗಳ ಬೆನ್ನಿಗೆ ಗಟ್ಟಿಯಾದ ಕಂದು ಪಟ್ಟಿಯನ್ನು ತಾಮ್ರದ ಮೊಳೆಗಳಿಂದ ಕೂಡಿಸಿರುತ್ತಾರೆ. ಬ್ರೇಕು ತುಳಿದಾಗ ಈ ಪಟ್ಟಿ ಡ್ರಮ್ಮಿನ ಒಳಮೈಯನ್ನು ಒತ್ತಿ ತಿಕ್ಕುತ್ತದೆ, ಗಾಲಿ ನಿಲ್ಲುತ್ತದೆ. ತಿಕ್ಕಿ ತಿಕ್ಕಿ ಪಟ್ಟಿ ಸವೆದು ಮೊಳೆಯ ತಲೆ ಮೇಲಕ್ಕೆ ಬಂದರೆ ಬದಲಿಸಬೇಕು. ಮೊಳೆ ಇನ್ನೂ ಆಳದಲ್ಲಿದ್ದರೆ ಚಿಂತೆಯಿಲ್ಲ. ನೋಡುವುದು ಅಷ್ಟೇ. ಬೆರಳ ತುದಿ ಆಡಿಸಿದರೂ ತಿಳಿಯುತ್ತದೆ. ಇದೆಲ್ಲ ಈಗ ನನಗೆ ಗೊತ್ತು. ಆಗ, ಮೋಟಾರಿನ ಹೊಟ್ಟೆಯಲ್ಲಿ ಕತ್ತಲೆಯೆಂದು ಹಾಡುಹಗಲಲ್ಲಿ ಲಾಟೀನು ಹಿಡಿದು ಬಗ್ಗಿದ್ದ ನನಗೆ ಕಾಣುತ್ತಿದ್ದದ್ದು ನಮ್ಮವರ ಬೆನ್ನು ಮಾತ್ರ.

"ಹೆಂಗದಾವ್ರಿ?"

"ಹೆಂಗಿರೂದು, ಸವದಾವ."

"ಭಾಳ?"

"ಭಾಳ ಅಂದ್ರ ಭಾಳ. ಈ ಬ್ರೇಕ ನಂಬಿ ಬಾದಾಮಿ ಗುಡ್ಡದ ಇಳಜಾರಿಗೆ ಹೋದ್ರ ಸೀದಾ ಅಗಸ್ತ್ಯತೀರ್ಥದ ಕೆರಿಯಾಗ ಜಳಕಾ."

ಒಂದು ಅರ್ಧಚಂದ್ರವನ್ನು ಕಳಚಿ ಗೋಣಿಯ ಮೇಲಿಟ್ಟರು. "ಇದನ್ನ ಒಣಾ ಅರಿವೀಲೆ ಒರಸಿ ಇಡು," ಎಂದರು. ನಾನು ಸುರಿದ ನೀರಿನಲ್ಲಿ ಕೈ ತೊಳೆದು ಅಂಗಡಿಗೆ ಹೋದರು. ನಾನು ಅದನ್ನು ಒರೆಸುತ್ತ ಅಂಗಳದಲ್ಲೇ ಕೂತೆ. ಅವ್ವನ ಕಣ್ಣು ಇನ್ನೊಂದು ವರ್ಷ ತಡೆದೀತೇ ಎಂದು ಲೆಕ್ಕ ಹಾಕುತ್ತಿದ್ದೆ.

ಅಷ್ಟರಲ್ಲಿ ಬೀದಿಯಿಂದ ಕೂಗು ಕೇಳಿತು. "ಬೀಸೂ ಕಲ್ಲ ಹೊಡಸ್ತೀರೇನ್ರೆವ್ವಾ..." ಹಬ್ಬದ ಹಿಟ್ಟಿಗೆಂದು ಪ್ರತಿ ವರ್ಷ ಕಲ್ಲಿಗೆ ಉಳಿ ಹೊಡೆಯಲು ಬರುವ ಶಾರವ್ವ. ಕರೆದೆ. ಅವಳು ನಮ್ಮ ಬೀಸುವ ಕಲ್ಲನ್ನು ಬೋರಲು ಹಾಕಿಕೊಂಡು ಚುಕ್ಕೆ ಹೊಡೆಯತೊಡಗಿದಳು.

ಬೀಸುವ ಕಲ್ಲಿನ ವಿಷಯದಲ್ಲಿ ನಾನು ಯಾರ ಮಾತೂ ಕೇಳುವವಳಲ್ಲ. ಕಲ್ಲು ನುಣುಪಾಗಿ ಹೊಳೆಯತೊಡಗಿದರೆ ಸವೆದಿದೆಯೆಂದೇ ಅರ್ಥ. ಕಾಳು ಜಾರುತ್ತದೆ, ರಟ್ಟೆ ಬೀಳುತ್ತದೆ, ಹಿಟ್ಟು ಬೀಳುವುದಿಲ್ಲ. ಉಳಿಯಿಂದ ಚುಕ್ಕೆ ಹೊಡೆಸಿದರೆ ಹಲ್ಲು ಬಂದು ಕಲ್ಲು ಮತ್ತೆ ಹಿಡಿಯುತ್ತದೆ. ಶಾರವ್ವನ ಉಳಿ ನೋಡುತ್ತ ನೋಡುತ್ತ ನನ್ನ ಕೈಯಲ್ಲಿದ್ದ ಅರ್ಧಚಂದ್ರವನ್ನು ನೋಡಿದೆ. ಪಟ್ಟಿ ಕನ್ನಡಿಯಂತೆ ಹೊಳೆಯುತ್ತಿತ್ತು.

ಅಯ್ಯ, ಇಷ್ಟೇ ಏನು! ಗಂಡಸರು ಗಡ್ಡ ಕೆರೆದುಕೊಳ್ಳುವ ತೊಡಕನ್ನು ಹೆಣ್ಣುಮಕ್ಕಳು ಒಲೆ ಮುಂದೆ ಕೂತೇ ಬಿಡಿಸುತ್ತಾರೆಂದು ನಾನು ಮೊದಲಿನಿಂದ ನಂಬಿದವಳು. ಆ ನಂಬಿಕೆ ಇನ್ನೂ ಇದೆ, ಒಂದು ಮೂಲೆ ಒಡೆದುಕೊಂಡು.

"ಶಾರವ್ವಾ, ಇದಕ್ಕೂ ನಾಕ ಚುಕ್ಕಿ ಹೊಡಿ."

ಅವಳು ತಿರುವಿ ಮುರುವಿ ನೋಡಿದಳು. "ಇದ್ಯಾವ ಕಲ್ಲ ಯವ್ವಾ?"

"ಮೋಟಾರಿನ ಕಲ್ಲ."

"ಮೋಟಾರ ಏನ ಬೀಸತೈತಿ?"

"ಹಾದಿ ಬೀಸತೈತಿ. ಹೊಡಿಯವಾ ನೀ."

"ಸಾವಕಾರ್ರು ಬೈದಾರು ನೋಡ್ರಿ."

"ಸಾವಕಾರ್ರಿಗೆ ನಾ ಹೇಳ್ತೇನಿ."

ಪಡಸಾಲೆಯಲ್ಲಿ ಶೇಂಗಾ ಸುಲಿಯುತ್ತಿದ್ದ ಅತ್ತೆ ಕತ್ತೆತ್ತಿದರು. "ಏ ನೀಲಾ, ಏನ ನಡಸೀ ಅಲ್ಲೆ?"

"ಏನಿಲ್ರಿ ಅತ್ತೀ, ಕಲ್ಲ ಹೊಡಸಾಕತ್ತೇನಿ."

ಮೊದಲನೇ ಚುಕ್ಕೆ ಚಂದ ಬಿತ್ತು. ಎರಡನೆಯದೂ ಬಿತ್ತು. ಮೂರನೆಯದಕ್ಕೆ ಪಟ್ಟಿ ಟಪ್ಪೆಂದಿತು. ಅಡಿಕೆಯಷ್ಟು ದಪ್ಪದ ಒಂದು ಚೂರು ಹಾರಿ ಅತ್ತೆಯ ಶೇಂಗಾದ ಮೊರಕ್ಕೆ ಬಿದ್ದಿತು. ಉಳಿದ ಪಟ್ಟಿಯಲ್ಲಿ ಮೊಳೆಯಿಂದ ಮೊಳೆಗೆ ಬಿರುಕು ಹೋಯಿತು. ಶಾರವ್ವ ಬೀಸುವ ಕಲ್ಲನ್ನು ಲಗುಲಗು ಮುಗಿಸಿ, ಉಳಿಯನ್ನು ಜೋಳಿಗೆಗೆ ಹಾಕಿಕೊಂಡು ಎದ್ದಳು. ಅತ್ತೆ ಆ ಚೂರನ್ನು ಶೇಂಗಾದಿಂದ ಆರಿಸಿ, ಎತ್ತಿ ಬೆಳಕಿಗೆ ಹಿಡಿದು ನೋಡಿ, ಪಕ್ಕಕ್ಕೆ ಇಟ್ಟುಕೊಂಡರು.

ನಮ್ಮವರು ಊಟಕ್ಕೆ ಬಂದರು. ಕಾಲಿಗೆ ನೀರು ಕೊಡುವ ಮುಂಚೆಯೇ ಅವರ ಕಣ್ಣು ಗೋಣಿಯ ಮೇಲೆ ಬಿದ್ದಿತ್ತು.

"ಇದನ್ಯಾರ ಒಡದ್ರು?"

"ನಾನರಿ. ಸವದಿತ್ತಲ್ರಿ, ಹಲ್ಲ ಬರಲಿ ಅಂತ ಶಾರವ್ವನ ಕಡಿಂದ ಚುಕ್ಕಿ ಹೊಡಸಿದೆ."

"ಸವದಿತ್ತ? ಯಾವ ಹುಚ್ಚ ಮೂಳ ಹೇಳಿದ ಸವದಿತ್ತಂತ? ಬಾ ಇಲ್ಲೆ, ನೋಡು! ಮೊಳಿ ತಲಿ ಎಷ್ಟ ಕೆಳಗ ಐತಿ! ಇನ್ನೂ ಎರಡ ವರ್ಷ ಬರ್ತಿತ್ತ ಇದು, ಎರಡ ವರ್ಷ! ಒಂದೀಟ ಹೊಳಪ ಬಂದಿತ್ತು, ಉಸುಕಿನ ಕಾಗದಲೆ ತಿಕ್ಕಿದ್ರ..."

ಅಲ್ಲಿಗೆ ಅವರು ನಿಂತರು. ಪಡಸಾಲೆಯಲ್ಲಿ ಶೇಂಗಾ ಒಡೆಯುವ ಸದ್ದೂ ನಿಂತಿತು.

"ಮುಂಜಾನೆ ಸವದದ್ದು ಮಧ್ಯಾಹ್ನಕ್ಕ ಹೆಂಗ ಬೆಳೀತೋ ಶಂಕ್ರಾ?" ಅತ್ತೆ ಕೇಳಿದರು.

ನಮ್ಮವರು ಟೊಪ್ಪಿಗೆ ತೆಗೆದು, ಮತ್ತೆ ಹಾಕಿಕೊಂಡು, ಮತ್ತೆ ತೆಗೆದರು. "ಎವ್ವಾ, ಪಂಚಮಿ ಅಂದ್ರ ಬೆಲ್ಲ, ಎಳ್ಳ, ಪುಠಾಣಿ. ವರ್ಷದ ವ್ಯಾಪಾರ ಈ ನಾಕ ದಿನದಾಗ. ಅಂಗಡಿ ಬಿಟ್ಟ ಬಾದಾಮಿಗೆ ಹೆಂಗ ಹೋಗ್ಲಿ?"

"ಹಂಗಂತ ಹೇಳಾಕ ಬಾಯಾಗ ಬೆಲ್ಲ ಇತ್ತೇನು?"

"ಮೋಟಾರ ತಗೊಂಡು, ಹೇಣ್ತಿನ್ನ ತವರಿಗೆ ಬಿಡಾಕ ಪುರಸತ್ತಿಲ್ಲ ಅಂದ್ರ ಮಂದಿ ಏನಂದಾರು?"

ನನ್ನ ಕಣ್ಣೆದುರು ಎರಡು ವರ್ಷದ ರೊಟ್ಟಿ ಬುಟ್ಟಿಸಮೇತ ಬಂದು ನಿಂತವು. ಸಿಟ್ಟಿಗೇಳುವ ಹಕ್ಕು ಪೂರ್ತಿ ನನ್ನದಾಗಿತ್ತು. ಆದರೆ ಅವರು ನೋಡೆಂದು ಕೊಟ್ಟ ಒಡೆದ ಅರ್ಧಚಂದ್ರ ನನ್ನ ಕೈಯಲ್ಲಿತ್ತು, ಅದನ್ನು ಹಿಡಿದುಕೊಂಡು ಜಗಳ ತೆಗೆಯುವುದು ಕಷ್ಟ. ಅವರು ಎರಡು ವರ್ಷ ಬಾಯಲ್ಲಿ ಕೆಡಿಸಿದ ಮೋಟಾರನ್ನು ನಾನು ಒಂದೇ ಮುಂಜಾನೆಯಲ್ಲಿ ನಿಜವಾಗಿಯೂ ಕೆಡಿಸಿದ್ದೆ.

ಮಾತು ಬದಲಿಸಲು ದಾರಿ ಸಿಕ್ಕಿತೆಂದು ನಮ್ಮವರು ಉಸಿರು ಬಿಟ್ಟರು. "ಈಗ ಖರೇನ ಹುಬ್ಬಳ್ಳಿಯಿಂದ ತರಸಬೇಕಾತು. ಇದನ್ನ ಒಯ್ದ ತೋರಿಸಿದ್ರನ ಅಳತಿ ಹೊಂದೂದು. ಹಬ್ಬದ ವ್ಯಾಳ್ಯಾದಾಗ ಯಾರನ್ನ ಕಳಸ್ಲಿ?"

"ಹುಬ್ಬಳ್ಳಿ ಗಾಡಿ ಬಾದಾಮಿ ಮ್ಯಾಲೆ ಹೋಗತೈತಲ್ರಿ," ಎಂದೆ. "ನಮ್ಮಣ್ಣ ಹಬ್ಬಾ ಮುಗದ ಮ್ಯಾಲೆ ಹುಬ್ಬಳ್ಳಿಗೆ ಹೋಗಾವ ಅದಾನ. ನಾ ಒಯ್ದು ಅವನ ಕೈಯಾಗ ಕೊಡ್ತೇನಿ."

"ರೈಲಿನ್ಯಾಗ?"

"ನಾ ಏನ ಹಬ್ಬಕ್ಕ ಹೊಂಟೇನೇನ್ರಿ? ಮೋಟಾರಿನ ಕೆಲಸಕ್ಕ ಹೊಂಟೇನಿ."

ಅವರು ಯೋಚಿಸಿದರು. ಮೋಟಾರಿನ ಸಾವುಕಾರರ ಹೆಂಡತಿ ಸುಖಕ್ಕೆಂದು ರೈಲು ಹತ್ತಿದರೆ ಮಾನ ಹೋಗುತ್ತದೆ. ಮೋಟಾರಿಗೆ ದುಡಿಯಲೆಂದು ಹತ್ತಿದರೆ ಹೋಗುವುದಿಲ್ಲ. ಅವರ ಹುಬ್ಬು ಸಡಿಲವಾದದ್ದನ್ನು ನೋಡಿ, ಮಾನಕ್ಕೂ ಇಂಥದೊಂದು ಹಿಂಬಾಗಿಲು ಇದೆಯೆಂದು ನಾನು ಕಂಡುಕೊಂಡೆ.

"ಹೋಗಿ ಬಾ," ಅತ್ತೆ ಎಂದರು. "ರೊಟ್ಟಿ ಬಡದಿಟ್ಟೀಯಲ್ಲ. ಸಾಲಲಿಲ್ಲಂದ್ರ ನನ್ನ ಮಗಳಿಗೂ ದೇವರು ಕೈ ಕೊಟ್ಟಾನ." ನಾನು ಅವರ ಕಾಲು ಮುಟ್ಟಲು ಬಗ್ಗುವಷ್ಟರಲ್ಲಿ, "ಕಲ್ಲಿಗೆ ಹೊಸಾ ಹಲ್ಲ ಬಂದಾವ. ಹಬ್ಬದ ಅಳ್ಳಿನ ಹಿಟ್ಟ ಬೀಸಿಟ್ಟ ಹೋಗು," ಎಂದರು.

ಬೀಸಿಟ್ಟೇ ಹೋದೆ. ರೈಲಿನಲ್ಲಿ ತೊಡೆಯ ಮೇಲೆ ಉಂಡಿಯ ಡಬ್ಬಿ, ಅದರ ಮೇಲೆ ಅರಿವೆಯಲ್ಲಿ ಸುತ್ತಿದ ಅರ್ಧಚಂದ್ರ. ಎದುರಿಗೆ ಕೂತ ಮುದುಕಿ ಬಹಳ ಹೊತ್ತು ನೋಡಿ ಕೇಳಿದಳು.

"ಏನ ತಂಗಿ ಅದು, ಬೆಣ್ಣಿಯೇನು?"

"ಇಲ್ರೆವ್ವಾ, ಮೋಟಾರ."

ಮುದುಕಿ ಕಿಟಕಿಯ ಕಡೆ ಸರಿದು ಕೂತಳು.

ಅವ್ವನಿಗೆ ನನ್ನ ಮುಖ ಇನ್ನೂ ಕಂಡಿತು. ಬೆಳಕಿಗೆ ತಿರುಗಿಸಿ ನೋಡಿ, "ಸೊರಗೀಯಲ್ಲ ಮಗಳ," ಎಂದಳು. ಎಂಟು ದಿನ ನಾನು ಯಾರಿಗೂ ನೀರು ಕಾಸಿ ಕೊಡಲಿಲ್ಲ. ಎರಡು ವರ್ಷ ಜೋಕಾಲಿ ಜೋಕಾಲಿ ಎಂದು ಕೊರಗಿದವಳು ಎರಡನೇ ತೂಗಿಗೇ "ನಿಂದ್ರಸ್ರೇ!" ಎಂದು ಕಿರುಚಿ ಇಳಿದೆ, ಅಣ್ಣನ ಹೆಂಡತಿ ಅದನ್ನು ಇಂದಿಗೂ ಆಡಿ ತೋರಿಸುತ್ತಾಳೆ. ಅಣ್ಣ ಹುಬ್ಬಳ್ಳಿಯಿಂದ ಹೊಸ ಪಟ್ಟಿ ಹಚ್ಚಿಸಿ ತಂದ. ಅದನ್ನು ತೆಗೆದುಕೊಂಡು, ರೈಲಿನಲ್ಲೇ ತಿರುಗಿ ಬಂದೆ.

ಮರುವರ್ಷ ಪಂಚಮಿ ಬಂದಾಗ ನಮ್ಮವರು ತಾವಾಗಿಯೇ ಹೇಳಿದರು. "ಈ ಸಲ ಅಂಗಡಿ ಒಂದಿನಾ ಆಳಿನ ಕೈಯಾಗ ಬಿಡ್ತೇನಿ. ನಾನ ಮೋಟಾರಿನ್ಯಾಗ ಕರಕೊಂಡ ಹೋಗ್ತೇನಿ. ಮುಂಜಾನೆ ಹೋಗೂದು, ನಿಮ್ಮವ್ವನ್ನ ನೋಡೂದು, ಸಂಜೀಕ ತಿರಿಗಿ ಬರೂದು."

ಎಂಟು ದಿನ ಹೋಗಿ ಒಂದು ದಿನವಾಗುವುದು ಮೋಟಾರಿನ ವೇಗದಿಂದ ಎಂದು ನನಗೆ ಆಗ ಅರ್ಥವಾಯಿತು. ಒಳಗೆ ಹೋಗಿ ಜಾಕು ಎತ್ತಿಕೊಂಡು ಬಂದು ಅವರ ಮುಂದಿಟ್ಟೆ, ಗೋಣಿ ಹಾಸಿದೆ.

"ಬ್ರೇಕ ಒಂದ ಸಲ ನೋಡಿಬಿಡ್ರಿ. ನನಗ್ಯಾಕೋ ಸವದಾವ ಅನಸ್ತೈತಿ."

"ಹೊಸಾ ಪಟ್ಟಿ ಹಾಕಿ ಇನ್ನೂ ವರ್ಷ ತುಂಬಿಲ್ಲ!"

"ಇರ್ಲಿರಿ. ನೋಡಿದ್ರ ಏನ ಹೋಗತೈತಿ?"

ಆಗಲೇ ಬೀದಿಯ ತುದಿಯಿಂದ ಕೂಗು ಕೇಳಿಸಿತು. "ಬೀಸೂ ಕಲ್ಲ ಹೊಡಸ್ತೀರೇನ್ರೆವ್ವಾ..."

ನಮ್ಮವರು ಒಮ್ಮೆ ಬೀದಿಯ ಕಡೆ ನೋಡಿದರು, ಒಮ್ಮೆ ನನ್ನ ಮುಖ ನೋಡಿದರು. ಆಮೇಲೆ ಜಾಕನ್ನು ತಾವೇ ಎತ್ತಿ ಒಳಗಿಟ್ಟು ಬಂದರು. ಸೊಂಟನೋವಿನ ನೆನಪೂ ಅವರಿಗೆ ಆಗಲಿಲ್ಲ.

"ಹುಬ್ಬಳ್ಳಿ ಗಾಡಿ ಎಷ್ಟ ಹೊತ್ತಿಗೆ ಐತಿ ಕೇಳ್ಕೊಂಡ ಬರ್ತೇನಿ," ಎಂದರು.