ಹನ್ನೊಂದು ಗಂಟೆಯ ಸಹಿ

ಅಮಾನತಿನ ಆ ತಿಂಗಳುಗಳಲ್ಲೂ ನಾನು ಬೆಳಿಗ್ಗೆ ಎರಡು ಚಪಾತಿ, ಒಂದಿಷ್ಟು ಮೆಂತ್ಯದ ಪಲ್ಯ ಡಬ್ಬಿಗೆ ಹಾಕಿಕೊಂಡು ಒಂಬತ್ತೂವರೆಗೆ ಮನೆ ಬಿಡುತ್ತಿದ್ದೆ. ಮರಾಠಿ ನಾಡಿನ ಚಿಂಚವಾಡದಲ್ಲಿ ನನಗೆ ಕೋಣೆ ಬಾಡಿಗೆಗೆ ಕೊಟ್ಟಿದ್ದ, ನಾನು ವೈನಿ ಎಂದು ಕರೆಯುತ್ತಿದ್ದ ಬೆಳಗಾವಿ ಕಡೆಯ ಹೆಂಗಸು ಬಾಗಿಲಲ್ಲಿ ಅಕ್ಕಿ ಆರಿಸುತ್ತ, “ಲಗೂನ ಹೋಗವಾ, ಲೋಕಲ್ ತಪ್ಪೀತು” ಎನ್ನುವರು. ಲೋಕಲ್ ರೈಲು ಒಂದು ದಿನವೂ ತಪ್ಪಲಿಲ್ಲ. ಹೋಗಿ ಮಾಡುವ ಕೆಲಸವೇ ಇರಲಿಲ್ಲ. ಅದನ್ನು ಅವರಿಗೆ ಹೇಳಿರಲಿಲ್ಲ, ಧಾರವಾಡದ ಮನೆಗೂ ಬರೆದಿರಲಿಲ್ಲ.

ನಡೆದದ್ದು ಸಣ್ಣದು. ನಮ್ಮ ಭೂದಾಖಲೆಗಳ ಕಚೇರಿಯಲ್ಲಿ ಹಳೆಯ ನಕಾಶೆಯೊಂದು ಕಾಣೆಯಾಯಿತು. ರಿಜಿಸ್ಟರಿನಲ್ಲಿ, ಅದನ್ನು ಕೊನೆಯ ಬಾರಿ ಹೊರತೆಗೆದ ದಿನದ ಎದುರು ನನ್ನ ಸಹಿ ಇತ್ತು. ಚಹಾದ ವೇಳೆಗೆ ಮೇಜಿನ ಬಳಿ ಯಾರು ಉಳಿದಿರುತ್ತಾರೋ ಅವರೇ ಎಲ್ಲರ ಪರವಾಗಿ ಸಹಿ ಹಾಕಿಬಿಡುವುದು ನಮ್ಮಲ್ಲಿ ರೂಢಿ. ಗುಂಪಿನ ಚಹಾಕ್ಕೆ ಹೋಗದೆ ಉಳಿಯುವವಳು ಯಾವಾಗಲೂ ನಾನೇ. ಆ ದಿನ ಯಾರಿಗಾಗಿ ಹಾಕಿದೆನೋ ನೆನಪಿಲ್ಲ. ನೆನಪಿದೆ ಎಂದು ಮುಂದೆ ಬಂದವರೂ ಇಲ್ಲ.

ಅಮಾನತು ಶಿಕ್ಷೆಯಲ್ಲ ಎಂದು ಕಾನೂನು ಹೇಳುತ್ತದೆ, ವಿಚಾರಣೆ ಮುಗಿಯುವ ತನಕ ದೂರ ಇರಿಸುವುದಷ್ಟೇ. ಇರಬಹುದು. ಆದರೆ ಗೆಳೆಯರೇ, ಶಿಕ್ಷೆಗಾದರೂ ಕೊನೆಯ ದಿನವೆಂಬುದೊಂದು ಇರುತ್ತದೆ. ಊರು ಬಿಟ್ಟು ಹೋಗುವಂತಿಲ್ಲ, ಬೇರೆ ಕೆಲಸ ಹಿಡಿಯುವಂತಿಲ್ಲ, ಇದ್ದ ಕೆಲಸ ಮಾಡುವಂತಿಲ್ಲ. ಇಷ್ಟು ‘ಇಲ್ಲ’ಗಳ ನಡುವೆ ದಿನಕ್ಕೊಮ್ಮೆ ಹನ್ನೊಂದಕ್ಕೆ ಬಂದು ಬೇರೆಯದೇ ಒಂದು ಪುಸ್ತಕದಲ್ಲಿ ಸಹಿ ಮಾಡಬೇಕೆಂದು ಸಾಹೇಬರು ಹೇಳಿದರು. ಪಡಸಾಲೆಯ ಬೆಂಚಿನ ಮೇಲೆ ಕೂತಿರುತ್ತಿದ್ದೆ. ಕಚೇರಿಯ ಸಿಪಾಯಿ ಬಂದು “ಪಾಟೀಲ ಮ್ಯಾಡಮ್!” ಎಂದು ಕೂಗುತ್ತಿದ್ದ. ಸಹಿ ಮಾಡಿ, ಮುಂದೆ ಯಾವುದಾದರೂ ಉದ್ಯಾನದಲ್ಲಿ ಡಬ್ಬಿ ಬಿಚ್ಚಿ, ಸಂಜೆಗೆ ಮನೆಗೆ ಮರಳುತ್ತಿದ್ದೆ.

ಎಂಟು ತಿಂಗಳಾದರೂ ಆರೋಪಪಟ್ಟಿಯೇ ಬರಲಿಲ್ಲ. ಶಿವಾಜಿನಗರದಲ್ಲಿದ್ದ ನಮ್ಮ ಕಡೆಯ ಹಿರಿಯ ವಕೀಲರೊಬ್ಬರ ಬಳಿ ಹೋದೆ. ಸರಕಾರಿ ನೌಕರರ ದೂರು ಕೇಳುವ ಮುಂಬಯಿಯ ನ್ಯಾಯಮಂಡಳಿಗೆ ಅರ್ಜಿ ಬರೆಯುತ್ತ ಅವರು ಹನ್ನೊಂದು ಗಂಟೆಯ ಸಹಿಯ ಸಂಗತಿ ಕೇಳಿ ಕುರ್ಚಿಯಲ್ಲಿ ನೆಟ್ಟಗಾದರು.

“ಕೆಲಸಾ ಕೊಡಂಗಿಲ್ಲ, ಹಾಜರಿ ಬೇಕಂತ? ಇಂಥಾದ್ದು ಯಾವ ಕಾಯ್ದೇದಾಗೂ ಇಲ್ಲವಾ! ಇದೊಂದ ಸಾಲು ಸಾಕು, ಅವರ ಮಾರಿ ಇಳೀತದ.” ಒತ್ತಾಯದಿಂದ ಎಂಟು ತಿಂಗಳು ಹಾಜರಿ ಹಾಕಿಸಿದರು ಎಂದು ಅಫಿಡವಿಟ್‌ನಲ್ಲಿ ಬರೆದು, ನನ್ನೆದುರು ಪೆನ್ನು ಇಟ್ಟರು.

ಆ ಸಾಲಿಲ್ಲದೆ ಅರ್ಜಿ ನಿಲ್ಲುವುದು ಕಷ್ಟ ಎಂದೂ ಹೇಳಿದ್ದರು. ನಾನು ಪೆನ್ನು ಮುಟ್ಟಲಿಲ್ಲ.

“ಅದನ್ನ ಹೊಡೆದು ಹಾಕ್ರಿ ಸರ್. ಎರಡನೇ ವಾರದಾಗ ಸಾಹೇಬರು ‘ಇನ್ನ ಬರೂದ ಬ್ಯಾಡ’ ಅಂದಿದ್ರು. ಪುಸ್ತಕ ಅಲ್ಲೇ ಇತ್ತು, ನಾನೇ ಹೋಗ್ತಿದ್ದೆ.”

“ಮತ್ತ ಯಾಕ ಹೋಗ್ತಿದ್ದಿ?”

ಇಷ್ಟು ದಿನ ನನಗೆ ನಾನೇ ಕೇಳಿಕೊಳ್ಳದ ಪ್ರಶ್ನೆ. “ಅಲ್ಲೆ ದಿನಕ್ಕ ಒಮ್ಮೆ ನನ್ನ ಹೆಸರು ಕರೀತಿದ್ರು.”

ವಕೀಲರು ಕನ್ನಡಕ ತೆಗೆದು ಒರೆಸಿದರು. ಆಮೇಲೆ ಸಾಲನ್ನು ಹೊಡೆದುಹಾಕಿ, “ನಾಳಿಂದ ಹನ್ನೊಂದಕ್ಕ ಇಲ್ಲಿ ಬಾ. ಕೆಲಸಾ ಮಾಡಂಗಿಲ್ಲ ನೀನು, ಗೊತ್ತದ. ಚಾ ಕುಡಿಯೂದಕ್ಕ ಸರಕಾರದ ತಕರಾರೇನಿಲ್ಲ” ಎಂದರು.

ನ್ಯಾಯಮಂಡಳಿ ನನ್ನನ್ನು ನಿರ್ದೋಷಿ ಎನ್ನಲಿಲ್ಲ. ಅದು ವಿಚಾರಣೆಯ ಮಾತು ಎಂದಿತು. ಆದರೆ ಮರುಪರಿಶೀಲನೆಯಿಲ್ಲದೆ ನೌಕರರೊಬ್ಬರನ್ನು ಹೀಗೆ ತೂಗುಹಾಕಿ ಇಡಲಾಗದು, ನಾಲ್ಕು ವಾರಗಳಲ್ಲಿ ನಿರ್ಧರಿಸಿ ಎಂದು ಆಜ್ಞಾಪಿಸಿತು. ಎಂದೂ ಕಂಡಿರದ ಯಾರೋ ನನ್ನ ಕಾಗದಗಳನ್ನು ಕೊನೆಯವರೆಗೆ ಓದಿದ್ದರು. ಆದೇಶದ ನಕಲನ್ನು ನಾನೂ ಕೊನೆಯವರೆಗೆ ಓದಿದೆ. ನನ್ನನ್ನು ಕಚೇರಿ ದೂರವಿಟ್ಟದ್ದು ಕೆಲವು ತಿಂಗಳು. ನಾನು ಜನರನ್ನು ದೂರವಿಟ್ಟದ್ದು ಎಂದಿನಿಂದಲೋ, ಅದಕ್ಕೆ ಆದೇಶವೂ ಇರಲಿಲ್ಲ, ಪರಿಶೀಲನೆಯೂ ನಡೆದಿರಲಿಲ್ಲ.

ವಿಚಾರಣೆ ಬಾಕಿಯಿರಿಸಿ ನನ್ನನ್ನು ಕೆಲಸಕ್ಕೆ ಕರೆದರು. ಮೊದಲ ದಿನ ಪಕ್ಕದ ವಿಭಾಗದ ಶಿಂದೆಬಾಯಿ ಯಾವುದೋ ಕಡತಕ್ಕೆಂದು ಬಂದವರು ಮರಾಠಿಯಲ್ಲಿ, ಬಹಳ ದಿನ ಕಾಣಲಿಲ್ಲ, ರಜೆಯಲ್ಲಿದ್ದಿರೇನು ಎಂದು ಕೇಳಿದರು. ಹೌದು ಎಂದುಬಿಟ್ಟರೆ ಮುಗಿಯುತ್ತಿತ್ತು. ಅವರು ಆಗಲೇ ಹೊರಡಲು ತಿರುಗಿದ್ದರು.

“ಇಲ್ಲ, ಅಮಾನತಿನಲ್ಲಿದ್ದೆ,” ಎಂದೆ.

ಶಿಂದೆಬಾಯಿ ಕಡತವನ್ನು ಮೇಜಿನ ಮೇಲಿಟ್ಟರು. ಎದುರಿನ ಖಾಲಿ ಕುರ್ಚಿ ಎಳೆದುಕೊಂಡು ಕೂತರು.