ಬಾಯಿ ತೆರೆಯಲು ಬಿಡದ ಸನ್ಮಾನ

ಲಾಸ್ ಏಂಜಲೀಸ್‌ನ ಬಂದರು ಪ್ರದೇಶವಾದ ಸ್ಯಾನ್ ಪೀಡ್ರೊದಲ್ಲಿ ನಾವು ಬಾಡಿಗೆಗಿದ್ದ ಮನೆಯ ಮೇಲಿನ ಮಹಡಿಯಲ್ಲಿ ಒಂದು ದೊಡ್ಡ ಸಂಸಾರವಿದೆ ಎಂದೇ ನಾನು ಮೊದಮೊದಲು ನಂಬಿದ್ದೆ. ದಿನಾ ಬೆಳಿಗ್ಗೆ ಒಬ್ಬ ಮುದುಕಿ ಗೊಣಗುತ್ತಿದ್ದಳು, ಒಬ್ಬ ಗಂಡಸು ಅವಳನ್ನು ಗದರುತ್ತಿದ್ದ, ಯಾವಳೋ ಹೆಂಗಸು ನಡುವೆ ಬಾಯಿ ಹಾಕುತ್ತಿದ್ದಳು, ಮಗು ಕಿರುಚುತ್ತಿತ್ತು, ಇಷ್ಟರ ಮೇಲೆ ಒಂದು ಗಿಳಿ ಬೇರೆ. ಎಲ್ಲವೂ ಸ್ಪ್ಯಾನಿಷ್‌ನಲ್ಲಿ. ಅದು 2008. ನಾನು ಬಂದರಿನ ಒಂದು ಹಡಗು ಏಜೆನ್ಸಿಯ ಆಫೀಸಿಗೆ ಹೊಸದಾಗಿ ಸೇರಿದ್ದೆ. ದಿನವಿಡೀ ಕಂಟೇನರ್ ಎಲ್ಲಿ, ಪೇಪರ್ ಎಲ್ಲಿ ಎಂದು ಫೋನಿನಲ್ಲಿ ಜಗಳ. ಬೆಳಗಿನ ಕಾಫಿಯನ್ನಾದರೂ ನೆಮ್ಮದಿಯಾಗಿ ಕುಡಿಯೋಣವೆಂದರೆ ಇವರ ಜಗಳ.

ಒಂದು ಶನಿವಾರ ಪಿತ್ತ ನೆತ್ತಿಗೇರಿ ಮೇಲೆ ಹೋಗಿ ಬಾಗಿಲು ಬಡಿದೆ. ತೆರೆದವರು ಇಸ್ತ್ರಿ ಮಾಡಿದ ಅಂಗಿ ತೊಟ್ಟ, ಗಳದಂತೆ ಉದ್ದಕ್ಕಿದ್ದ ಒಬ್ಬ ಮುದುಕರು. ಅವರ ಭುಜದಾಚೆ ಇಣುಕಿದೆ. ಯಾರೂ ಇಲ್ಲ. ಗಿಳಿಯ ಪಂಜರವೂ ಇಲ್ಲ. "ನಿಮ್ಮ ಮನೆಯವರೆಲ್ಲ ಎಲ್ಲಿ?" ಎಂದು ಇಂಗ್ಲಿಷ್‌ನಲ್ಲಿ ಕೇಳಿದೆ. ಅವರು ತುಟಿ ತುಸುವೇ ಅಲುಗಿಸಿದರು. ಒಳಗಿನ ಕೋಣೆಯಿಂದಲೋ ಎಂಬಂತೆ ಮುದುಕಿ, ಯಾರೋ ಬಂದರು ನೋಡು ಎಂದಳು. ಗಿಳಿ ನನ್ನನ್ನು ಅಣಕಿಸಿತು. ಜಗಳಕ್ಕೆ ಹೋದವಳು ಮೆಟ್ಟಿಲ ಮೇಲೆ ಕೂತು ಹೊಟ್ಟೆ ಹಿಡಿದುಕೊಂಡು ನಕ್ಕೆ. ಅಂದಿನಿಂದ ಅವರನ್ನು ಅಂಕಲ್ ಎಂದೇ ಕರೆದೆ. ನಮ್ಮಲ್ಲಿ ಹಿರಿಯರನ್ನೆಲ್ಲ ಹಾಗೇ ಕರೆಯುತ್ತೇವೆ ಎಂದಾಗ ಅವರಿಗೂ ಹಿಡಿಸಿತು.

ಅಂಕಲ್ ಅರ್ಜೆಂಟೀನಾದವರು. ಮೀಸೆ ಮೂಡುವ ವಯಸ್ಸಿಗೇ ಬ್ಯೂನಸ್ ಐರಿಸ್‌ನಲ್ಲಿ ರೇಡಿಯೋಗೆ ಸೇರಿದವರು. ಆಗೆಲ್ಲ ಸ್ಟುಡಿಯೋದಲ್ಲಿ ಜನರನ್ನು ಕೂರಿಸಿಕೊಂಡು ನೇರ ಪ್ರಸಾರದಲ್ಲಿ ನಾಟಕ ಆಡುತ್ತಿದ್ದರಂತೆ. ಒಮ್ಮೆ ಮುಷ್ಕರವಾಗಿ ಬಸ್ಸು ಓಡದೆ ಬೇರೆ ನಟರು ಯಾರೂ ಬರಲಿಲ್ಲ. ಇವರೊಬ್ಬರೇ ಮೈಕಿನ ಮುಂದೆ ನಿಂತು ಅಜ್ಜಿ, ಅಳಿಯ, ಮಗಳು, ಮಗು, ಗಿಳಿ ಎಲ್ಲವೂ ಆಗಿಬಿಟ್ಟರು. ಊಟದ ಮೇಜಿನ ಸುತ್ತ ಕೂತು ಕಚ್ಚಾಡುವ ಆ ಸಂಸಾರ ಆಮೇಲೆ ಪ್ರತಿ ಭಾನುವಾರವೂ ಬಂತು. ಅಜ್ಜಿಗೆ ಕೆಮ್ಮು ವಾಸಿಯಾಯಿತೇ ಎಂದು ಜನ ಸ್ಟುಡಿಯೋಗೇ ಬಂದು ವಿಚಾರಿಸುತ್ತಿದ್ದರಂತೆ.

ಹೆಸರು ಬಂದ ಮೇಲೆ ರಂಗಭೂಮಿಯವರು ಕರೆದರು. ಅಲ್ಲಿ ಮೊದಲ ದಿನವೇ ಸೋತರು. ದಪ್ಪ ಅಜ್ಜಿಯನ್ನು ಕಲ್ಪಿಸಿಕೊಂಡು ಬಂದವರಿಗೆ ಈ ಕಡ್ಡಿಯಂಥ ಮನುಷ್ಯನನ್ನು ಕಂಡು ಮೋಸಹೋದಂತಾಯಿತು. ಯಾರೋ ಶಿಳ್ಳೆ ಹಾಕಿ ಎದ್ದುಹೋದರು. ಅಂಕಲ್ ಒಂದು ಕುರ್ಚಿ ತರಿಸಿಕೊಂಡು, ಅದರಲ್ಲಿ ಕೂತೇ ಒಬ್ಬೊಬ್ಬರೂ ಹೇಗೆ ಬೆನ್ನು ಬಾಗಿಸುತ್ತಾರೆ ಎಂಬುದನ್ನು ತಿಂಗಳುಗಟ್ಟಲೆ ಅಭ್ಯಾಸ ಮಾಡಿದರು. "ರೇಡಿಯೋದಲ್ಲಿ ಗಂಟಲು ನಟಿಸಿದರೆ ಸಾಕಿತ್ತು, ಅಲ್ಲಿ ಬೆನ್ನುಮೂಳೆಗೂ ಪಾತ್ರ ಕೊಡಬೇಕಾಯಿತು" ಎಂದು ನನಗೆ ಕೂತು ತೋರಿಸಿದ್ದರು. ಕೊನೆಗೆ ಟಿವಿ ಬಂತು. ಅದರಲ್ಲಿ ಇವರದು ಸರ್ಕಾರಿ ಕಚೇರಿಯ ಕಿಟಕಿಯೊಳಗೆ ಕೂತು ಬಂದವರಿಗೆಲ್ಲ ನಾಳೆ ಬಾ ಎನ್ನುವ ಗುಮಾಸ್ತನ ಪಾತ್ರ. ದೇಶವೇ ನಕ್ಕಿತು. ಆಗ ದೇಶ ಆಳುತ್ತಿದ್ದ ಸೇನೆಯ ಸಮವಸ್ತ್ರದವರಿಗೆ ಮಾತ್ರ ಅದು ತಮ್ಮನ್ನೇ ಕುರಿತದ್ದು ಅನ್ನಿಸಿತು. ಒಂದು ದಿನ ಇವರು ಸ್ಟುಡಿಯೋಗೆ ಹೋದರೆ ಬಡಗಿ ಸೆಟ್ಟಿನ ಆ ಕಿಟಕಿಯನ್ನು ಒಡೆದು ಹಲಗೆ ಜೋಡಿಸಿಡುತ್ತಿದ್ದ. ಯಾಕೆ ಎಂದು ಯಾರೂ ಹೇಳಲಿಲ್ಲ. ಕೇಳಬಾರದೆಂದು ಇವರಿಗೂ ಗೊತ್ತಾಯಿತು.

ಅವರು ಮುದುಕರಾಗಿ, ಮಗಳ ಆಸರೆಗೆಂದು ಲಾಸ್ ಏಂಜಲೀಸ್‌ಗೆ ಬಂದಿದ್ದರು. ಮಗಳಿಗೆ ನರ್ಸಿಂಗ್ ಕೆಲಸ. ಅಲ್ಲೇ ಎರಡು ಬೀದಿ ಆಚೆ ಮನೆ. ಇಲ್ಲಿ ಇಷ್ಟೊಂದು ಸ್ಪ್ಯಾನಿಷ್ ರೇಡಿಯೋಗಳಿವೆ, ಟಿವಿಗಳಿವೆ, ಈ ಮನುಷ್ಯನಿಗೆ ಕೆಲಸಕ್ಕೇನು ಬರ ಎಂದುಕೊಂಡಿದ್ದೆ. ಒಂದು ಆಡಿಶನ್‌ಗೆ ನಾನೇ ಡ್ರೈವ್ ಮಾಡಿ ಕರೆದುಕೊಂಡು ಹೋದೆ. ಅಲ್ಲಿನವರಿಗೆ ಬೇಕಿದ್ದದ್ದು ಒಬ್ಬ ತಾತ. ಮೂರು ಸಾಲು ಕೇಳಿದ ಹುಡುಗಿಯೊಬ್ಬಳು, ನಿಮ್ಮ ಸ್ಪ್ಯಾನಿಷ್ ನಮ್ಮ ತಾತನದಲ್ಲ, ನಮಗೆ ಮೆಕ್ಸಿಕೋ ತಾತ ಬೇಕು ಎಂದಳು. ಅಂಕಲ್ ಅಲ್ಲೇ ನಿಂತು ಮೆಕ್ಸಿಕೋದ ತಾತನಾಗಿ, ತಾತನ ಹೆಂಡತಿಯಾಗಿ, ಅವರ ಕತ್ತೆಯೂ ಆಗಿ ತೋರಿಸಿದರು. ಆಕೆ ಅಷ್ಟರಲ್ಲಿ ಮುಂದಿನವರನ್ನು ಕರೆದಾಗಿತ್ತು. ಕೊನೆಗೆ ಅವರಿಗೆ ಸಿಕ್ಕಿದ್ದು ಮಲಬದ್ಧತೆಯ ಔಷಧಿಯ ರೇಡಿಯೋ ಜಾಹೀರಾತು. ನನಗೆ ಮೈಯೆಲ್ಲ ಉರಿದುಹೋಯಿತು. ಅವರು ಮಾತ್ರ, ಔಷಧಿ ಚೆನ್ನಾಗಿ ಕೆಲಸ ಮಾಡುತ್ತದೆ ಎಂದು ಬಾಟಲಿ ತೋರಿಸಿದರು.

ಕೆಲವು ವರ್ಷಗಳ ನಂತರ ನನ್ನ ಗಂಡನಿಗೆ ಸ್ಯಾನ್ ಡಿಯಾಗೊದಲ್ಲಿ ಕೆಲಸವಾಗಿ ನಾವು ಅಲ್ಲಿನ ಸ್ಕ್ರಿಪ್ಸ್ ರ್ಯಾಂಚ್‌ಗೆ ಮನೆ ಬದಲಾಯಿಸಿದೆವು. ಅಂಕಲ್ ಆಗಾಗ ರೈಲು ಹತ್ತಿ ಬಂದು ಎರಡು ದಿನ ಇದ್ದು ಹೋಗುತ್ತಿದ್ದರು. ಒಂದು ಸಲ ಬಂದಾಗ ದನಿ ಗೊಗ್ಗರಾಗಿತ್ತು. ಗಂಟಲಲ್ಲಿ ಗಡ್ಡೆ, ಡಿಸೆಂಬರ್‌ನಲ್ಲಿ ಆಪರೇಷನ್, ಗಡ್ಡೆಯೊಂದಿಗೆ ದನಿಯೂ ಹೋಗುತ್ತದೆ ಎಂದು ಡಾಕ್ಟರು ಹೇಳಿದ್ದರು. ಅವರು ಅಳಲಿಲ್ಲ, ಅತ್ತವಳು ನಾನು. "ಅದಕ್ಕೆ ಮೊದಲು ಒಂದೇ ಒಂದು ಸಲ ಆ ಊಟದ ಮೇಜಿನ ಸಂಸಾರವನ್ನು ಆಡಬೇಕು. ಎದುರಿಗೆ ಜನ ಇರಬೇಕು. ಅವರು ನನ್ನ ಮೇಲೆ ಕನಿಕರ ಪಡಬಾರದು, ಬರೀ ನಗಬೇಕು" ಎಂದರು.

ಆಗ ನನಗೆ ಹೊಳೆದದ್ದು ನಮ್ಮ ರಾಜ್ಯೋತ್ಸವ. ಸುತ್ತಮುತ್ತಲಿನ ಒಂದಷ್ಟು ಕನ್ನಡದ ಮನೆಗಳವರು ಸೇರಿ ಕಟ್ಟಿಕೊಂಡಿದ್ದ ಒಂದು ಕೂಟವಿತ್ತು. ಈಗ ಅದು ಇಲ್ಲ. ಅದರ ಅಧ್ಯಕ್ಷರು ಟೆಲಿಕಾಂ ಇಂಜಿನಿಯರು. ಫೋನ್ ಮಾಡಿ ವಿಷಯವನ್ನೆಲ್ಲ ಬಿಡಿಸಿ ಹೇಳಿದೆ, ಗಂಟಲಿನದೂ ಸೇರಿ. ಅವರು ಕುಣಿದಾಡಿದರು.

"ವಾವ್, ಅರ್ಜೆಂಟೀನಾ ಆರ್ಟಿಸ್ಟಾ! ಇಂಟರ್‌ನ್ಯಾಷನಲ್ ಆಗ್ಬಿಡುತ್ತೆ ಮೇಡಂ ನಮ್ಮ ಪ್ರೋಗ್ರಾಂ. ಟ್ವೆಂಟಿ ಮಿನಿಟ್ಸ್ ತಾನೆ? ಕೊಟ್ಟೆ ಅಂತ ತಿಳ್ಕೊಳ್ಳಿ."

ಅಂಕಲ್ ಹಳೆಯ ಪಾತ್ರಗಳನ್ನು ಹಾಗೇ ತರಲು ಒಪ್ಪಲಿಲ್ಲ. ಕನ್ನಡದವರ ಎದುರಿಗೆ ಕನ್ನಡದ ಮನೆಯೇ ಇರಬೇಕು ಎಂದರು. ಆಗ ನನ್ನ ಅಮ್ಮ ಬೆಂಗಳೂರಿನಿಂದ ಬಂದಿದ್ದಳು. ಅವಳಿಗೆ ಇಂಗ್ಲಿಷ್ ಅಷ್ಟಕ್ಕಷ್ಟೆ, ಅವರಿಗೆ ಕನ್ನಡ ಸುತಾರಾಂ ಇಲ್ಲ. ಆದರೂ ಇಬ್ಬರೂ ಅಡುಗೆಮನೆಯಲ್ಲಿ ಗಂಟೆಗಟ್ಟಲೆ ಕೂರುತ್ತಿದ್ದರು. "ಅಯ್ಯೋ ಶಿವನೇ, ಮಗು ಏನೂ ತಿಂದೇ ಇಲ್ಲ ಕಣೇ!" ಎಂದು ಅಮ್ಮ ಅಂದರೆ, ಬಟಾಣಿ ಬಿಡಿಸುತ್ತಿದ್ದ ಅಂಕಲ್ ಅದೇ ಉಸಿರಿನಲ್ಲಿ, ಅದೇ ರಾಗದಲ್ಲಿ ಹಿಂದಕ್ಕೆ ಕೊಡುತ್ತಿದ್ದರು. ಅಮ್ಮ ಸೆರಗು ಬಾಯಿಗೆ ಒತ್ತಿಕೊಂಡು ನಗುತ್ತಿದ್ದಳು. "ಈ ಯಪ್ಪ ನಮ್ಮ ಅತ್ತೆ ಥರಾನೂ ಮಾತಾಡ್ತಾರೆ ಕಣೇ, ನಾನು ಒಂದ್ಸಲ ಆಡಿ ತೋರ್ಸಿದ್ದಷ್ಟೆ" ಎಂದು ನನಗೆ ಹೇಳಿ ಬೆರಗುಪಟ್ಟಳು. ಹೀಗೆ ಹೊಸ ಸಂಸಾರ ತಯಾರಾಯಿತು: ಊಟಕ್ಕೆ ಕರೆಯುವ ಅಜ್ಜಿ, ಕಾನ್ಫರೆನ್ಸ್ ಕಾಲ್ ಬಿಟ್ಟು ಏಳದ ಮಗ, ಯಾರಿಗೂ ಕೇಳದಂತೆ ಗೊಣಗುವ ಸೊಸೆ, ಎಲ್ಲದಕ್ಕೂ ಇಂಗ್ಲಿಷ್‌ನಲ್ಲೇ ಉತ್ತರ ಕೊಡುವ ಮೊಮ್ಮಗಳು. ಗಿಳಿಯ ಜಾಗಕ್ಕೆ ಕುಕ್ಕರ್ ಬಂತು. ಅದು ಸರಿಯಾಗಿ ಜಗಳ ತಾರಕಕ್ಕೇರಿದಾಗಲೇ ಕೂಗುತ್ತಿತ್ತು.

ಕಾರ್ಯಕ್ರಮದ ದಿನ ಅಂಕಲ್ ಬೆಳಗಿನಿಂದ ಒಂದು ಮಾತೂ ಆಡಲಿಲ್ಲ. ಇದ್ದ ಅಷ್ಟಿಷ್ಟು ದನಿಯನ್ನು ಸಂಜೆಗೆ ಉಳಿಸಿಕೊಂಡಿದ್ದರು. ಬೇಕಾದ್ದನ್ನು ಕೈಸನ್ನೆಯಲ್ಲಿ ಕೇಳುತ್ತ, ಬಿಸಿನೀರು ಗುಟುಕರಿಸುತ್ತ ಶಾಲೆಯ ಸಭಾಂಗಣದ ಮೊದಲ ಸಾಲಿನಲ್ಲಿ ಕೂತಿದ್ದರು.

ನಮ್ಮವರ ಕಾರ್ಯಕ್ರಮ ಹೇಳಿದ ಹೊತ್ತಿಗೆ ಶುರುವಾಗಿದ್ದುಂಟೇ? ದೀಪ ಹಚ್ಚುವವರು ದಾರಿಯಲ್ಲಿದ್ದರು. ಬಂದ ಮೇಲೆ ಅಧ್ಯಕ್ಷರ ಮಾತು, ಹಿಂದಿನ ಅಧ್ಯಕ್ಷರ ಮಾತು, ಮನೆ ಮಾರುವ ಏಜೆಂಟರೊಬ್ಬರು ಪ್ರಾಯೋಜಕರಾಗಿದ್ದಕ್ಕೆ ಅವರದೂ ಮಾತು. ಕನ್ನಡ ಉಳಿಸಬೇಕು ಎಂದು ಎಲ್ಲರೂ ಇಂಗ್ಲಿಷ್‌ನಲ್ಲಿ ಹೇಳಿದರು. ಆಮೇಲೆ ಮಕ್ಕಳ ಡಾನ್ಸು, ದೊಡ್ಡವರ ಡಾನ್ಸು, ತಂದೆತಾಯಿ ಮತ್ತೆ ನೋಡಬೇಕೆಂದರು ಅಂತ ಮಕ್ಕಳ ಡಾನ್ಸು ಇನ್ನೊಮ್ಮೆ. ಅಧ್ಯಕ್ಷರು ಬಗ್ಗಿ ಬಂದು ನನ್ನ ಕಿವಿಯಲ್ಲಿ "ಮೇಡಂ, ಟೆನ್ ಮಿನಿಟ್ಸ್ ಮಾಡ್ಕೊಳ್ತಾರಾ?" ಎಂದರು. ಸ್ವಲ್ಪ ಹೊತ್ತಿಗೆ ಅದು ಐದಾಯಿತು. ನಾನು ಅಂಕಲ್‌ಗೆ ತಿಳಿಸಿದೆ. ಅವರು ಕಣ್ಣು ಮುಚ್ಚಿ, ಬೆರಳು ಮಡಚುತ್ತ, ಸೊಸೆಯನ್ನೂ ಮಗನನ್ನೂ ಬಿಟ್ಟು ಅಜ್ಜಿ, ಮೊಮ್ಮಗಳು ಮತ್ತು ಕುಕ್ಕರ್ ಅಷ್ಟನ್ನೇ ಇಟ್ಟುಕೊಂಡರು. ರೇಡಿಯೋ, ರಂಗಭೂಮಿ, ಟಿವಿ ಮೂರರಲ್ಲೂ ನಗಿಸಿದ ಕಲಾವಿದ ತನ್ನ ಸಂಸಾರವನ್ನು ತಾನೇ ಹೀಗೆ ತರಿದುಕೊಳ್ಳುವುದನ್ನು ಪಕ್ಕದಲ್ಲಿ ಕೂತು ನೋಡಿದೆ.

ಕೊನೆಗೆ ಕರೆದರು. ಅವರು ವೇದಿಕೆಗೆ ಹೋದದ್ದೇ ತಡ, ನಾಲ್ಕು ಕಡೆಯಿಂದ ಜನ ಬಂದು ಮುತ್ತಿಕೊಂಡರು. ತಲೆಗೆ ಮೈಸೂರು ಪೇಟ, ಹೆಗಲಿಗೆ ಶಾಲು, ಕೊರಳಿಗೆ ಗಂಧದ ಹಾರ, ಕೈಗೆ ಹಣ್ಣಿನ ಬುಟ್ಟಿ, ಬುಟ್ಟಿಯ ಮೇಲೆ ಸ್ಮರಣಿಕೆ. ಫೋಟೋ. ಪ್ರಾಯೋಜಕರ ಜೊತೆ ಇನ್ನೊಂದು ಫೋಟೋ. ಅಂಕಲ್‌ಗೆ ಇದು ಶುರು ಅನ್ನಿಸಿತ್ತು; ಎರಡೂ ಕೈ ತುಂಬಿದ್ದರಿಂದ ಕುರ್ಚಿ ಎಲ್ಲಿ ಎಂದು ಗಲ್ಲದಿಂದ ಸನ್ನೆ ಮಾಡಿ ಕೇಳುತ್ತಿದ್ದರು. ಬುಟ್ಟಿಯನ್ನು ನೆಲಕ್ಕಿಟ್ಟು ಮೈಕಿಗೆ ಬಾಗಿ "ಅಯ್ಯೋ ಶಿವನೇ" ಎಂದರು. ನನ್ನ ಅಮ್ಮನೇ ವೇದಿಕೆಯಲ್ಲಿದ್ದಳು! ಹಿಂದಿನ ಸಾಲುಗಳಲ್ಲಿ ಯಾರೋ ಕಿಸಕ್ಕನೆ ನಕ್ಕರು. ನಿರೂಪಕಿ ಓಡಿಬಂದು ಮೈಕ್ ತೆಗೆದುಕೊಂಡಳು.

"ಥ್ಯಾಂಕ್ಯೂ ಸರ್, ಎಷ್ಟು ಚೆನ್ನಾಗಿ ಕನ್ನಡ ಮಾತಾಡಿದ್ರು, ಜೋರಾಗಿ ಚಪ್ಪಾಳೆ! ಊಟ ರೆಡಿ ಇದೆ, ಎಲ್ರೂ ದಯವಿಟ್ಟು ಲೈನಲ್ಲಿ ಬನ್ನಿ."

ಜನ ಎದ್ದರು. ಎಲ್ಲರೂ ಅವರಿಗೆ ಬೆನ್ನು ಹಾಕಿ ಬಿಸಿಬೇಳೆಬಾತಿನ ಕಡೆ ನಡೆದರು. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಎನ್ನುತ್ತಾರಲ್ಲ, ಆ ಮಲ್ಲಿಗೆಯನ್ನು ಬಲವಂತವಾಗಿ ಮುಡಿಸಿ ಕಳಿಸುವ ಜನ ನಾವು. ಕಲಾವಿದನನ್ನು ಕೇಳುವ ಪುರುಸೊತ್ತು ನಮಗಿಲ್ಲ, ಹೊದಿಸುವ ಪುರುಸೊತ್ತು ಮಾತ್ರ ಬೇಕಾದಷ್ಟಿದೆ. ನಾನು ಊಟದ ಸಾಲಿನಲ್ಲೇ ಅಧ್ಯಕ್ಷರನ್ನು ಹಿಡಿದೆ.

"ನಾನೇನು ಶಾಲು ಕೇಳಿದ್ನಾ? ಇಪ್ಪತ್ತು ನಿಮಿಷ ಕೇಳಿದ್ದೆ, ಐದಕ್ಕೂ ಒಪ್ಪಿದ್ದೆ. ಫೋಟೋಗೇ ಅದಕ್ಕಿಂತ ಜಾಸ್ತಿ ಆಯ್ತಲ್ರೀ!"

ಅವರು ನಿಜವಾಗಿಯೂ ಕಕ್ಕಾಬಿಕ್ಕಿಯಾದರು. "ಯಾಕ್ ಮೇಡಂ ಬೇಜಾರು? ಯಾರಿಗೂ ಮಾಡ್ದಷ್ಟು ಗ್ರ್ಯಾಂಡಾಗಿ ಸನ್ಮಾನ ಮಾಡಿದ್ವಲ್ಲ, ಇನ್ನೇನ್ ಬೇಕಿತ್ತು?"

ಕೈಯಲ್ಲಿದ್ದ ತಟ್ಟೆಯನ್ನು ಅಲ್ಲೇ ಇಟ್ಟು ಹೊರಟೆ. ಅಂಕಲ್‌ರನ್ನು ಸ್ಯಾನ್ ಪೀಡ್ರೊಗೆ ಬಿಡಲು ಹೋಗುವಾಗ ದಾರಿಯುದ್ದಕ್ಕೂ ನಾನೇ ಕೂಗಾಡಿದೆ, ನನ್ನವರನ್ನೆಲ್ಲ ಹಿಡಿಹಿಡಿದು ಬೈದೆ. ಅವರು ಪೇಟ ತೊಡೆಯ ಮೇಲಿಟ್ಟುಕೊಂಡು ಕೂತಿದ್ದರು. "ನಮ್ಮ ದೇಶದಲ್ಲಿ ನನ್ನನ್ನು ನಿಲ್ಲಿಸಿದವರು ಹಣ್ಣು ಕೊಟ್ಟಿರಲಿಲ್ಲ" ಎಂದರು. ಇಡೀ ದಿನದಲ್ಲಿ ತಮ್ಮದೇ ದನಿಯಲ್ಲಿ ಅವರಾಡಿದ ಮಾತು ಅಷ್ಟೇ. ಊಟದ ಮೇಜಿನ ಸಂಸಾರವನ್ನು ಕಾರಿನಲ್ಲಾದರೂ ಆಡಿ ಎಂದು ಬೇಡಿಕೊಂಡೆ. ತಲೆ ಅಲ್ಲಾಡಿಸಿದರು. ಕಾರಿನಲ್ಲಿ ಜನ ಇರಲಿಲ್ಲ.

ಆಪರೇಷನ್ ಆಯಿತು. ಜೀವ ಉಳಿಯಿತು. ಅಜ್ಜಿ, ಗಿಳಿ, ಗುಮಾಸ್ತ, ಕುಕ್ಕರ್ ಯಾರೂ ಉಳಿಯಲಿಲ್ಲ. ಅವರನ್ನು ನೋಡಲು ಹೋದಾಗ ಆ ಮಹಡಿಯ ಮನೆ ಅಷ್ಟು ಚಿಕ್ಕದೆಂದು ಮೊದಲ ಬಾರಿಗೆ ಗೊತ್ತಾಯಿತು.

ಮರುವರ್ಷ ಅಕ್ಟೋಬರ್‌ನಲ್ಲಿ ಅಧ್ಯಕ್ಷರ ಫೋನ್. ನನ್ನ ಕೋಪ ಅವರ ಮನಸ್ಸಿನಲ್ಲಿ ಉಳಿದಿತ್ತಂತೆ. ಈ ಸಲ ದೀಪ ಹಚ್ಚಿದ ಕೂಡಲೇ ನಿಮ್ಮ ಅಂಕಲ್‌ಗೆ ಅರ್ಧ ಗಂಟೆ, ಯಾರ ಭಾಷಣವೂ ನಡುವೆ ಬರದು, ಪಕ್ಕಾ ಎಂದರು. ಅವರ ದನಿ ಹೋಯಿತು, ಇನ್ನು ಬರುವುದಿಲ್ಲ, ಕಳೆದ ವರ್ಷವೇ ನಿಮಗೆ ಹೇಳಿದ್ದೆ ಎಂದೆ. ಪಾಪ, ಅಧ್ಯಕ್ಷರು ನಿಜವಾಗಿಯೂ ನೊಂದುಕೊಂಡರು. ಅವರ ಒಳ್ಳೆಯತನದಲ್ಲಿ ಸುಳ್ಳಿರಲಿಲ್ಲ.

"ಛೇ, ಸೋ ಸ್ಯಾಡ್ ಮೇಡಂ" ಎಂದರು. "ಪರವಾಗಿಲ್ಲ, ಕರ್ಕೊಂಡ್ ಬನ್ನಿ. ಇನ್ನೊಂದ್ ಸನ್ಮಾನ ಮಾಡಿಬಿಡೋಣ. ಅದಕ್ಕೆ ಅವರೇನೂ ಮಾತಾಡೋದು ಬೇಕಾಗಲ್ವಲ್ಲ."