ಅಪ್ಪನ ಫೋಟೋಗೆ ಹಾರ

ನನ್ನ ಸಿನಿಮಾಗಳ ನಾಯಕರಿಗೆ ಅಪ್ಪ ಇರುವುದಿಲ್ಲ. ಇದರ ಹಿಂದೆ ದೊಡ್ಡ ತತ್ವವಿದೆ ಎಂದು ವಿಮರ್ಶಕರೊಬ್ಬರು ಬರೆದಿದ್ದರು, ನಾನೂ ತಲೆಯಾಡಿಸಿದ್ದೆ. ನಿಜ ಸಂಗತಿ ಬೇರೆ. ಅಪ್ಪನ ಪಾತ್ರಕ್ಕೆ ನಟನನ್ನು ಕರೆಸಿದರೆ ಸಂಭಾವನೆ, ರೂಮು, ಓಡಾಡಲು ಕಾರು ಎಲ್ಲ ಕೊಡಬೇಕು. ಸತ್ತ ಅಪ್ಪನಿಗಾದರೆ ಗೋಡೆಯ ಮೇಲೊಂದು ಫೋಟೋ, ಅದಕ್ಕೆರಡು ಮೊಳ ಹೂವು ಸಾಕು.

ಆದರೆ ಆ ಫೋಟೋ ಸಿಗುವುದೇ ಕಷ್ಟ. ಬದುಕಿರುವವರು ತಮ್ಮ ಫೋಟೋಗೆ ಹಾರ ಹಾಕಿಸಲು ಒಪ್ಪುವುದಿಲ್ಲ, ಸತ್ತವರ ಮನೆಯವರು ಫೋಟೋ ಕೊಡುವುದಿಲ್ಲ. ಮೊದಲ ಸಿನಿಮಾದ ಚಿತ್ರೀಕರಣ ಯಾದವಗಿರಿಯ ಒಂದು ಬಂಗಲೆಯಲ್ಲಿ ನಡೆಯುತ್ತಿತ್ತು. ಫೋಟೋ ಕೊಡಲು ಒಪ್ಪಿಕೊಂಡಿದ್ದ ಪೋಷಕ ನಟರೊಬ್ಬರು ಆ ದೃಶ್ಯದ ಹಿಂದಿನ ದಿನ ಫೋನ್ ಮಾಡಿ, ಹೆಂಡತಿ ಊಟ ಬಿಟ್ಟು ಕೂತಿದ್ದಾಳೆ, ಬೇಡಿ ಸಾರ್ ಅಂದರು. ಆಮೇಲೆ ನಾನು ಯಾರ್ಯಾರಿಗೋ ಫೋನ್ ಮಾಡಿ ಗೋಗರೆಯುತ್ತಿದ್ದುದನ್ನು ಅಪ್ಪ ಕೇಳಿಸಿಕೊಂಡರು. ಅಪ್ಪ ಬಸ್ ಕಂಡಕ್ಟರ್ ಆಗಿ ನಿವೃತ್ತರಾದವರು, ಎಂಥ ತಕರಾರನ್ನೂ ಮುಂದಿನ ಸ್ಟಾಪಿನೊಳಗೆ ಮುಗಿಸಿ ಅಭ್ಯಾಸ.

"ನಂದೇ ಹಾಕ್ಕೋ ಬುಡು. ರಿಟೈರ್ ಆದಾಗ ತೆಗೆಸಿದ್ದು ಐತಲ್ಲ, ಕೋಟ್ ಹಾಕ್ಕೊಂಡಿರೋದು," ಅಂದರು.

ಅಮ್ಮ ಸೌಟು ಹಿಡಿದೇ ಅಡುಗೆಮನೆಯಿಂದ ಹೊರಗೆ ಬಂದಳು. "ನಾನು ಕುಂಕುಮ ಇಟ್ಕೊಂಡು ಓಡಾಡೋದು ನಿಮ್ಮಿಬ್ರ ಕಣ್ಣಿಗೂ ಕುಕ್ತಾ ಐತಾ?"

ಅಪ್ಪ ನಕ್ಕುಬಿಟ್ಟರು, ಫೋಟೋ ಶೂಟಿಂಗಿಗೆ ಹೋಯಿತು. ಸಿನಿಮಾ ಮುಗಿಯುವವರೆಗೂ ಅಮ್ಮ ನನ್ನ ಜೊತೆ ಮಾತು ಬಿಟ್ಟಿದ್ದಳು. ಅನ್ನ ಬಡಿಸುತ್ತಿದ್ದಳು, ಸಾರು ಬೇಕಾ ಎಂದು ಕೇಳುತ್ತಿರಲಿಲ್ಲ.

ಆ ಸಿನಿಮಾ ಥಿಯೇಟರಿಗೆ ಬಂದದ್ದೂ ಹೋದದ್ದೂ ಯಾರಿಗೂ ಗೊತ್ತಾಗಲಿಲ್ಲ. ಟಿವಿಯಲ್ಲಿ ಬಂದ ಮರುದಿನ ಮಾತ್ರ ಮಂಡಕಳ್ಳಿಯಿಂದ ಸೋದರತ್ತೆ ಬಂದಿಳಿದರು. ಅವರು ಸಿನಿಮಾ ನೋಡಿರಲಿಲ್ಲ. ನಿಮ್ಮಣ್ಣನ ಫೋಟೋಗೆ ಹಾರ ಹಾಕಿದ್ದು ಟಿವಿಯಲ್ಲಿ ತೋರಿಸಿದರು ಎಂದು ಯಾರೋ ಹೇಳಿದ್ದರು, ಅಷ್ಟೇ. ಗೇಟಿನಲ್ಲೇ ಎದೆ ಬಡಿದುಕೊಂಡು, "ಒಂದು ಮಾತೂ ಹೇಳ್ದೆ ಮುಗಿಸ್ಬುಟ್ರಲ್ಲಪ್ಪೋ" ಎಂದು ಅತ್ತರು. ಅಪ್ಪ ಪೇಪರ್ ಹಿಡಿದುಕೊಂಡು ಬಾಗಿಲು ತೆರೆದರು. ಅಳುತ್ತಿದ್ದ ಅತ್ತೆ ಅದೇ ರಭಸದಲ್ಲಿ ಅವರ ಬೆನ್ನಿಗೆ ಎರಡು ಗುದ್ದಿದರು.

ಕಾಫಿ ಕುಡಿಯುವ ಹೊತ್ತಿಗೆ ಸೋದರತ್ತೆಯೇ ಒಂದು ತೀರ್ಮಾನಕ್ಕೆ ಬಂದಿದ್ದರು. ಕಾಗೆ ತಲೆ ಮುಟ್ಟಿದರೆ ನೆಂಟರಿಗೆ ಸಾವಿನ ಸುಳ್ಳು ಸುದ್ದಿ ಕಳಿಸುವುದಿಲ್ಲವೇ? ಯಾರಾದರೂ ನಂಬಿ ಅತ್ತರೆ ಗಂಡಾಂತರ ಕಳೆಯಿತು. ಇದೂ ಅಂಥದ್ದೇ. "ನಾನು ಅತ್ತಾಯ್ತಲ್ಲ, ಇನ್ನು ನಮ್ಮಣ್ಣ ಗುಂಡ್ಕಲ್ಲು," ಅಂದರು.

ಆ ವರ್ಷ ಅಪ್ಪನ ಹೃದಯಕ್ಕೆ ಆಪರೇಷನ್ ಆಗಲೇಬೇಕು ಅನ್ನುತ್ತಿದ್ದ ಡಾಕ್ಟರು ಮಾತ್ರೆಯೇ ಸಾಕು ಅಂದರು. ಅಮ್ಮ ಅದರ ಲೆಕ್ಕವನ್ನು ಸೋದರತ್ತೆಯ ಕಣ್ಣೀರಿಗೂ, ಮನಸ್ಸಿಲ್ಲದ ಮನಸ್ಸಿನಿಂದ ನನಗೂ ಬರೆದಳು. ಅಲ್ಲಿಂದ ಮುಂದೆ ನನ್ನ ಪ್ರತಿ ಸಿನಿಮಾದಲ್ಲೂ ಅಪ್ಪ ಸತ್ತರು. ಒಂದರಲ್ಲಿ ಜಮೀನ್ದಾರರು, ಇನ್ನೊಂದರಲ್ಲಿ ಬಡ ಮೇಷ್ಟ್ರು, ಕೋಟು ಮಾತ್ರ ಅದೇ. ಅಮ್ಮನೇ ಫೋಟೋ ಒರೆಸಿ ಕೊಡುತ್ತಿದ್ದಳು.

ಹೀಗೆ ನಾಲ್ಕು ಸಿನಿಮಾ ಆದವು. ಒಂದಕ್ಕೆ ಪ್ರಶಸ್ತಿ ಬಂತು, ಯಾವುದಕ್ಕೂ ಜನ ಬರಲಿಲ್ಲ. ಈಗ ನಿರ್ಮಾಪಕರು ಫೋನ್ ಎತ್ತುವುದಿಲ್ಲ. ಸರಸ್ವತಿಪುರಂನಲ್ಲಿ ಟ್ಯುಟೋರಿಯಲ್ ಒಂದರ ಮಹಡಿಯಲ್ಲಿ ಸಂಜೆ ಅಭಿನಯದ ತರಗತಿ ನಡೆಸುತ್ತೇನೆ. ಮನೆಯಲ್ಲಿ ಕೇಳಿದರೆ ಹೊಸ ಸಿನಿಮಾದ ಡಿಸ್ಕಷನ್ ನಡೆಯುತ್ತಿದೆ ಅನ್ನುತ್ತಿದ್ದೆ. ಹಾಗನ್ನುವಾಗ ಪ್ರತಿ ಸಲವೂ ನಾಚಿಕೆಯಾಗುತ್ತಿತ್ತು.

ಕಳೆದ ವರ್ಷ ಅಪ್ಪನಿಗೆ ಉಸಿರಾಟದ ತೊಂದರೆ ಜೋರಾಗಿ ಐಸಿಯುಗೆ ಸೇರಿಸಿದೆವು. ಈಗಲೇ ಏನೂ ಹೇಳಲಾಗದು ಅಂದರು ಡಾಕ್ಟರು. ಹೊರಗೆ ಬೆಂಚಿನ ಮೇಲೆ ಕೂತಿದ್ದ ಅಮ್ಮ ನನ್ನ ತೋಳು ಹಿಡಿದಳು.

"ಒಂದು ಪಿಚ್ಚರ್ ತೆಗಿ ಕಣೋ. ನಿಮ್ಮಪ್ಪನ ಫೋಟೋಗೆ ಹಾರ ಹಾಕಿ ಎಷ್ಟ್ ವರ್ಷ ಆಯ್ತು? ಅದಕ್ಕೇ ಇಂಗಾಗಿರೋದು."

ಡಿಸ್ಕಷನ್ ಅನ್ನುವ ಪದ ನಾಲಿಗೆಯ ತುದಿಗೆ ಬಂದಿತ್ತು. ಅವಳ ಮುಖ ನೋಡಿ ಹೇಳಲಾಗಲಿಲ್ಲ. "ನಂಗೆ ಯಾರೂ ಪಿಚ್ಚರ್ ಕೊಡ್ತಿಲ್ಲಮ್ಮ," ಅಂದೆ.

"ಗೊತ್ತು ಕಣೋ," ಅಂದಳು. "ಕೊಡೋರಿಗ್ಯಾಕೆ ಕಾಯ್ತೀಯ? ಫೋನಲ್ಲೇ ತೆಗಿ."

ಬುದ್ಧಿ ಹೇಳಬೇಕಿತ್ತು. ಮುಳುಗುವವನಿಗೆ ಹುಲ್ಲುಕಡ್ಡಿಯೂ ಆಸರೆ. ಅವಳ ಜೊತೆ ನಾನೂ ಮುಳುಗುತ್ತಿದ್ದೆ. ಮಧ್ಯಾಹ್ನ ಇಬ್ಬರೂ ಮನೆಗೆ ಹೋದೆವು. ಹಜಾರದ ಮಣೆಯ ಮೇಲೆ ಫೋಟೋ ಇಟ್ಟು, ಹಾರ ಹಾಕಿ, ದೀಪ ಹಚ್ಚಿದೆ. ಕಿಟಕಿಯಿಂದ ಒಳ್ಳೆಯ ಬೆಳಕು ಬರುತ್ತಿತ್ತು. ಅಂಥ ಹೊತ್ತಿನಲ್ಲೂ ಅದು ನನ್ನ ಕಣ್ಣಿಗೆ ಬಿತ್ತಲ್ಲ ಎಂದು ನನ್ನ ಮೇಲೆಯೇ ಸಿಟ್ಟು ಬಂತು. ಫೋಟೋ ಮುಂದೆ ಕೂತು ಅಳಬೇಕು ಎಂದು ಅಮ್ಮನಿಗೆ ಹೇಳಿಕೊಟ್ಟು, ಎಷ್ಟೋ ವರ್ಷಗಳ ಮೇಲೆ "ಆಕ್ಷನ್" ಅಂದೆ.

ಅಮ್ಮ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಅಳು ಬರಲಿಲ್ಲ. ಅದೇ ಸೆರಗಿನಿಂದ ಫೋಟೋದ ಗಾಜು ಒರೆಸಿದಳು.

"ತಿನ್ನಕ್ಕೆ ಏನಾದ್ರೂ ಕೊಟ್ರಾ?" ಎಂದು ಫೋಟೋವನ್ನು ಕೇಳಿದಳು. "ನಿಮ್ ತಂಗಿ ಬತ್ತೀನಿ ಅಂದವ್ಳೆ. ಬೇಗ ಬನ್ನಿ, ನಂಗೆ ಮನೇಲಿ ಹೊತ್ತೇ ಹೋಗಲ್ಲ."

ಕಟ್ ಅನ್ನಲು ಬಾಯಿ ತೆರೆದೆ, ಅಳು ಬಂತು. ಚಿಕ್ಕ ಹುಡುಗನ ಹಾಗೆ ಬಿಕ್ಕಿ ಬಿಕ್ಕಿ ಅತ್ತೆ, ಕೈಯಲ್ಲಿದ್ದ ಫೋನ್ ಅಲ್ಲಾಡುತ್ತಿತ್ತು. ಅಮ್ಮ ತಿರುಗಿ ನೋಡಿದಳು. ಸಮಾಧಾನ ಮಾಡಲಿಲ್ಲ. ಎದ್ದು ಫೋಟೋದ ಹಾರ ತೆಗೆದಳು.

"ಸಾಕು, ಅತ್ತಾಯ್ತಲ್ಲ. ನಡಿ, ಆಸ್ಪತ್ರೇಲಿ ಒಳಗೆ ಬಿಡೋ ಟೈಮ್ ಆಗೋಗ್ತದೆ."

ಅಪ್ಪ ಮನೆಗೆ ಬಂದರು. ಔಷಧಿಯಿಂದ ಎಂದು ನಾನು, ಅಲ್ಲ ಎಂದು ಅಮ್ಮ. ತಲೆದಿಂಬಿಗೆ ಒರಗಿ ಕೂರುವಷ್ಟು ಚೇತರಿಸಿಕೊಂಡ ಮೇಲೆ ಅಪ್ಪ, ಅಮ್ಮ ಹೇಳಿದ್ದ ಆ ವಿಡಿಯೋ ತೋರಿಸು ಅಂದರು. ನನ್ನ ಯಾವ ಸಿನಿಮಾಕ್ಕೆ ಕರೆದುಕೊಂಡು ಹೋದರೂ ಇಂಟರ್‌ವಲ್‌ಗೆ ಮುಂಚೆಯೇ ನಿದ್ದೆ ಹೋಗುತ್ತಿದ್ದವರು, ಇದನ್ನು ಕಣ್ಣು ಮಿಟುಕಿಸದೆ ನೋಡಿದರು. ಕೊನೆಯಲ್ಲಿ ಚಿತ್ರ ಅಲ್ಲಾಡತೊಡಗಿದಾಗ ತಲೆಯೆತ್ತಿದರು.

"ಯಾರ್ಲಾ ಅದು ಅಳ್ತಿರೋದು?"

"ಇನ್ಯಾರು, ನಿಮ್ ಮಗನೇ," ಅಂದಳು ಅಮ್ಮ.

ಅಪ್ಪ ಫೋನನ್ನು ನನ್ನ ಕೈಗೆ ಕೊಟ್ಟು, ಇನ್ನೊಂದು ಸಲ ಹಾಕು ಅಂದರು. ಈ ಸಲ ಚಿತ್ರದ ಕಡೆ ನೋಡದೆ, ಫೋನ್ ತೆಗೆದುಕೊಂಡು ಕಿವಿಗೆ ಒತ್ತಿ ಹಿಡಿದರು.